ಆಸ್ಪತ್ರೆಯ ಲೆಕ್ಕದಲ್ಲಿ ಸಿಕ್ಕ ಉತ್ತರ

ಕೆನಡಾದಲ್ಲಿ ಮೂಲ ಆದಾಯದ ಚರ್ಚೆ ಎದ್ದಾಗಲೆಲ್ಲ ಯಾರಾದರೊಬ್ಬರು ಒಂದು ಅಂಕಿಯನ್ನು ಮುಂದಿಡುತ್ತಾರೆ: ಶೇಕಡಾ 8.5. ದುಡಿಯಲಿ ಬಿಡಲಿ, ಪ್ರತಿಯೊಬ್ಬರಿಗೂ ಬದುಕಲು ಬೇಕಾದಷ್ಟು ಹಣವನ್ನು ಸರ್ಕಾರ ಖಾತ್ರಿಪಡಿಸಬೇಕೇ ಎಂಬುದು ಆ ದೇಶದಲ್ಲಿ ಐವತ್ತು ವರ್ಷದಿಂದ ಇತ್ಯರ್ಥವಾಗದ ಜಗಳ. ಬೇಕು ಎನ್ನುವವರ ಕೈಯಲ್ಲಿರುವ ದೊಡ್ಡ ಪುರಾವೆಯೇ ಈ ಅಂಕಿ. ಡಾಫಿನ್ ಎಂಬ ಊರಿನ ಜನರಿಗೆ ಕೆಲವು ವರ್ಷ ಕನಿಷ್ಠ ಆದಾಯದ ಭರವಸೆ ಕೊಟ್ಟಾಗ ಅಲ್ಲಿ ಆಸ್ಪತ್ರೆ ಸೇರುವವರ ಪ್ರಮಾಣ ಅಂಥದ್ದೇ ಬೇರೆ ಊರುಗಳಿಗೆ ಹೋಲಿಸಿದರೆ ಇಷ್ಟು ಇಳಿಯಿತು ಎನ್ನುತ್ತದೆ ಅದು.

ಹಣ ಹಂಚಿದವರು ಮಾತ್ರ ಈ ಅಂಕಿಯನ್ನು ಹುಡುಕಿಕೊಂಡು ಹೊರಟವರಲ್ಲ. ಅವರು ಆಸ್ಪತ್ರೆಯ ಕಡೆ ತಲೆ ಹಾಕಿಯೂ ಮಲಗಿರಲಿಲ್ಲ. ಹಂಚಿಕೆ ನಿಂತು ಮೂರು ದಶಕ ಕಳೆದ ಮೇಲೆ, ಪ್ರಯೋಗ ನಡೆಸಿದವರ ಪೈಕಿ ಯಾರೂ ಅಲ್ಲದ ಒಬ್ಬ ಅಧ್ಯಾಪಕಿಗೆ, ಪ್ರಯೋಗಕ್ಕೆ ಸಂಬಂಧವೇ ಇಲ್ಲದ ಲೆಕ್ಕದ ರಾಶಿಯಲ್ಲಿ ಇದು ಸಿಕ್ಕಿತು.

ಹಣ ಹಂಚಿದ ಆ ಕಾಲದ ಗಾಳಿ ಹೇಗಿತ್ತು ಎಂಬುದನ್ನು ಮೊದಲು ಹೇಳಬೇಕು. 1960ರ ದಶಕದ ಕೊನೆಗೆ ಉತ್ತರ ಅಮೆರಿಕದಲ್ಲಿ ಎಡದವರೂ ಬಲದವರೂ ಒಟ್ಟಿಗೆ ಒಪ್ಪಿದ್ದ ಅಪರೂಪದ ಸಂಗತಿ ಈ ಖಾತ್ರಿ ಆದಾಯ. ಸರ್ಕಾರ ಎಲ್ಲದರಿಂದ ದೂರ ಇರಬೇಕೆಂದು ವಾದಿಸುತ್ತಿದ್ದ ಮಿಲ್ಟನ್ ಫ್ರೀಡ್‌ಮನ್ 1962ರಲ್ಲೇ ಬಡವರಿಂದ ತೆರಿಗೆ ಕೀಳುವ ಬದಲು ಅವರಿಗೇ ತೆರಿಗೆ ಇಲಾಖೆ ಹಣ ಕಳಿಸುವ ಯೋಜನೆಯೊಂದನ್ನು ಬರೆದಿದ್ದರು. ಅಮೆರಿಕದ ಅಧ್ಯಕ್ಷ ನಿಕ್ಸನ್ ಅದೇ ಜಾಡಿನ ಮಸೂದೆಯೊಂದನ್ನು ಮಂಡಿಸಿದರು; 1970ರಲ್ಲಿ ಅದು ಕೆಳಮನೆ ದಾಟಿ ಸೆನೆಟ್‌ನಲ್ಲಿ ಸತ್ತಿತು. ಕೆನಡಾದಲ್ಲಿ ಸೆನೆಟರ್ ಡೇವಿಡ್ ಕ್ರೋಲ್ ನೇತೃತ್ವದ ಸಮಿತಿ 1971ರಲ್ಲಿ ಬಡತನದ ಬಗ್ಗೆ ಕೊಟ್ಟ ವರದಿ, ದೇಶಕ್ಕೆಲ್ಲ ಖಾತ್ರಿ ಆದಾಯ ಬೇಕೆಂದಿತು. ಪ್ರಧಾನಿ ಪಿಯರ್ ಟ್ರೂಡೊ ಸರ್ಕಾರ, ಅದರಲ್ಲೂ ಆರೋಗ್ಯ ಮತ್ತು ಕಲ್ಯಾಣ ಸಚಿವ ಮಾರ್ಕ್ ಲಲೋಂದ್, ಈ ಕುರಿತು ಆಸಕ್ತಿ ತೋರಿದರು. ಮ್ಯಾನಿಟೋಬಾ ಪ್ರಾಂತ್ಯದಲ್ಲಿ ಎಡಪಂಥದ ಎಡ್ ಶ್ರೈಯರ್ ಮುಖ್ಯಸ್ಥರಾಗಿದ್ದರು. 1974ರಲ್ಲಿ ಎರಡೂ ಸರ್ಕಾರಗಳು ಪ್ರಯೋಗದ ಒಪ್ಪಂದಕ್ಕೆ ಸಹಿ ಹಾಕಿದವು: ಖರ್ಚಿನ ಮುಕ್ಕಾಲು ಪಾಲು ಕೇಂದ್ರದ್ದು, ಕಾಲು ಪಾಲು ಪ್ರಾಂತ್ಯದ್ದು, ಒಟ್ಟು 1.7 ಕೋಟಿ ಡಾಲರ್. ಪ್ರಯೋಗದ ಉದ್ದನೆಯ ಸರ್ಕಾರಿ ಹೆಸರನ್ನು ಯಾರೂ ಹೇಳುತ್ತಿರಲಿಲ್ಲ. ಎಲ್ಲರ ಬಾಯಲ್ಲೂ ಅದು ಮಿನ್‌ಕಮ್.

ಎಲ್ಲರನ್ನೂ ಕಾಡುತ್ತಿದ್ದ ಪ್ರಶ್ನೆ ಒಂದೇ. ಕೂತಲ್ಲಿಗೆ ದುಡ್ಡು ಬಂದರೆ ಜನ ಕೆಲಸ ಬಿಡುತ್ತಾರೆಯೇ? ನಮ್ಮಲ್ಲಿ 2023ರಲ್ಲಿ ಗೃಹಲಕ್ಷ್ಮಿಯ ಎರಡು ಸಾವಿರ ರೂಪಾಯಿ ಶುರುವಾದಾಗ ಹೋಟೆಲು, ಬಸ್ಸು, ಮದುವೆ ಮನೆಗಳಲ್ಲಿ ಕೇಳಿಬಂದದ್ದೂ ಇದೇ ಪ್ರಶ್ನೆ, ಆ ಹಣದಲ್ಲಿ ಯಾರೂ ಕೆಲಸ ಬಿಟ್ಟು ಕೂರಲಾರರು ಎಂಬುದು ಕೇಳಿದವರಿಗೂ ಗೊತ್ತಿದ್ದರೂ. ಅಲ್ಲಿನ ಅರ್ಥಶಾಸ್ತ್ರಜ್ಞರು ಅದನ್ನು ಬಾಯಿಮಾತಿಗೆ ಬಿಡದೆ ಅಳೆಯಲು ಹೊರಟರು. ಅಮೆರಿಕದಲ್ಲಿ ನ್ಯೂಜೆರ್ಸಿ, ಅಯೋವಾ, ಇಂಡಿಯಾನಾದ ಗ್ಯಾರಿ, ಸಿಯಾಟಲ್ ಮತ್ತು ಡೆನ್ವರ್ ಕಡೆ ಆಗಲೇ ನಾಲ್ಕು ಪ್ರಯೋಗ ನಡೆದಿದ್ದವು ಅಥವಾ ನಡೆಯುತ್ತಿದ್ದವು. ಕೆನಡಾದ್ದು ಐದನೆಯದು, ಪ್ರಶ್ನೆಪತ್ರಿಕೆಯೂ ಬಹುಮಟ್ಟಿಗೆ ಅಲ್ಲಿಂದಲೇ ಬಂದದ್ದು.

ಹಣ ಕೊಡುವ ಲೆಕ್ಕ ಸರಳವಾಗಿತ್ತು. ಡಾಫಿನ್‌ನಲ್ಲಿ ಯಾವ ಆದಾಯವೂ ಇಲ್ಲದ ನಾಲ್ಕು ಜನರ ಕುಟುಂಬಕ್ಕೆ ಶುರುವಿನಲ್ಲಿ ವರ್ಷಕ್ಕೆ ಸುಮಾರು 3,800 ಡಾಲರ್. ದುಡಿದರೆ, ದುಡಿದ ಪ್ರತಿ ಡಾಲರಿಗೆ ಐವತ್ತು ಸೆಂಟ್ ಕಡಿತ. ಎರಡು ಸಾವಿರ ದುಡಿದವರಿಗೆ ಸರ್ಕಾರದಿಂದ 2,800. ಒಟ್ಟು ಕೈಗೆ ಬರುವುದು 4,800. ಆದಾಯ 7,600 ಮುಟ್ಟಿದರೆ ಚೆಕ್ ನಿಲ್ಲುತ್ತಿತ್ತು. ಹೀಗಾಗಿ ಕಟ್ಟುನಿಟ್ಟಾಗಿ ನೋಡಿದರೆ ಇದು ಎಲ್ಲರಿಗೂ ಸಮನಾಗಿ ಹಂಚುವ ಹಣವಲ್ಲ. ಬೀಳುವವರನ್ನು ಹಿಡಿಯಲು ಹಾಸಿದ ಬಲೆ. ಆದರೆ ಆಗಿನ ಕಲ್ಯಾಣ ನೆರವಿಗೂ ಇದಕ್ಕೂ ಒಂದು ದೊಡ್ಡ ಅಂತರವಿತ್ತು. ಕಲ್ಯಾಣ ನೆರವು ಪಡೆಯುವವರು ಒಂದು ಡಾಲರ್ ದುಡಿದರೆ ನೆರವಿನಲ್ಲಿ ಹೆಚ್ಚುಕಡಿಮೆ ಅಷ್ಟೇ ಖೋತಾ ಆಗುತ್ತಿತ್ತು, ಜೊತೆಗೆ ಮನೆಗೆ ಬಂದು ವಿಚಾರಿಸುವ ಅಧಿಕಾರಿಗಳ ಕಾಟ. ಮಿನ್‌ಕಮ್ ಕೇಳುತ್ತಿದ್ದದ್ದು ತಿಂಗಳಿಗೊಮ್ಮೆ ಆದಾಯದ ಅರ್ಜಿ ತುಂಬಿ ಕಳಿಸಿ ಎಂದಷ್ಟೆ.

ಡಾಫಿನ್ ಇರುವುದು ಮ್ಯಾನಿಟೋಬಾದ ರಾಜಧಾನಿ ವಿನಿಪೆಗ್‌ನಿಂದ ವಾಯವ್ಯಕ್ಕೆ ಸುಮಾರು 300 ಕಿಲೋಮೀಟರ್ ದೂರದಲ್ಲಿ. ಸುತ್ತ ಗೋಧಿ ಹೊಲ, ದಕ್ಷಿಣಕ್ಕೆ ರೈಡಿಂಗ್ ಮೌಂಟನ್ ಕಾಡು, ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಬಂದು ನೆಲೆಸಿದ ಉಕ್ರೇನಿಯನ್ ರೈತರ ಗುಮ್ಮಟದ ಚರ್ಚುಗಳು. ಊರಿನ ಜನಸಂಖ್ಯೆ ಹತ್ತು ಸಾವಿರದ ಆಸುಪಾಸು. ಸುತ್ತಲಿನ ಹಳ್ಳಿಗಾಡು ಸೇರಿಸಿದರೆ ಇನ್ನೊಂದಷ್ಟು. ವಿನಿಪೆಗ್‌ನಲ್ಲಿ ಅಲ್ಲೊಂದು ಇಲ್ಲೊಂದು ಕುಟುಂಬವನ್ನು ಚೀಟಿ ಎತ್ತಿದ ಹಾಗೆ ಆರಿಸಿ ಪ್ರಯೋಗಕ್ಕೆ ಸೇರಿಸಿಕೊಂಡರು, ಬೇರೆ ಬೇರೆ ಮೊತ್ತ, ಬೇರೆ ಬೇರೆ ಕಡಿತದ ದರ ಇಟ್ಟು ನೋಡಿದರು. ಡಾಫಿನ್‌ನಲ್ಲಿ ಮಾತ್ರ ಊರಿಗೆ ಊರೇ ಅರ್ಹ. ಆದಾಯ ಕುಸಿದರೆ ಯಾರು ಬೇಕಾದರೂ ಚೆಕ್ ಪಡೆಯಬಹುದು. ಐದು ಪ್ರಯೋಗಗಳಲ್ಲಿ ಇಡೀ ಊರನ್ನು ಒಳಗೊಂಡದ್ದು ಇದೊಂದೇ.

ಮುಂದೆ ಮುಖ್ಯವಾಗಲಿದ್ದ ಈ ವೈಶಿಷ್ಟ್ಯವೇ ಆಗ ಅರ್ಥಶಾಸ್ತ್ರಜ್ಞರಿಗೆ ತಲೆನೋವಾಗಿತ್ತು. ವಿನಿಪೆಗ್‌ನಲ್ಲಿ ಹಣ ಪಡೆದ ಕುಟುಂಬವನ್ನು ಹಣ ಪಡೆಯದ ಪಕ್ಕದ ಕುಟುಂಬದೊಂದಿಗೆ ಹೋಲಿಸಬಹುದು. ಇಡೀ ಊರಿಗೇ ಅವಕಾಶ ಕೊಟ್ಟರೆ ಹೋಲಿಸುವುದು ಯಾರ ಜೊತೆ? ಹಾಗಾಗಿ ಡಾಫಿನ್ ಮಗ್ಗುಲಿಗೆ ಸರಿಯಿತು. ಹಣ ಹೋಗುತ್ತಿತ್ತು, ಅರ್ಜಿಗಳು ಬರುತ್ತಿದ್ದವು, ಸಮೀಕ್ಷೆಗಳಿಗೆ ಉತ್ತರ ತುಂಬಿಸಿಕೊಳ್ಳುತ್ತಿದ್ದರು, ಎಲ್ಲವನ್ನೂ ಕಡತಕ್ಕೆ ಸೇರಿಸುತ್ತಿದ್ದರು.

ಅಷ್ಟರಲ್ಲಿ ಕಾಲ ಕೆಟ್ಟಿತು. 1973ರ ತೈಲ ಬಿಕ್ಕಟ್ಟಿನ ನಂತರ ಬೆಲೆಗಳು ಏರಿದವು, ನಿರುದ್ಯೋಗವೂ ಏರಿತು. ಬೆಲೆ ಏರಿದಂತೆ ಕುಟುಂಬಗಳಿಗೆ ಕೊಡುವ ಮೊತ್ತ ಏರಿಸಬೇಕಿತ್ತು, ಕೆಲಸ ಕಳೆದುಕೊಂಡವರು ಹೆಚ್ಚಿದಂತೆ ಚೆಕ್ಕುಗಳೂ ಹೆಚ್ಚಬೇಕಿತ್ತು. ಒಟ್ಟು ಮೊತ್ತ ಮಾತ್ರ ಇದ್ದಲ್ಲೇ ಇತ್ತು. ಸಂಶೋಧನೆಗೆಂದು ಇಟ್ಟ ಹಣ ಕರಗುತ್ತಾ ಬಂತು. 1977ರಲ್ಲಿ ಮ್ಯಾನಿಟೋಬಾದಲ್ಲಿ ಶ್ರೈಯರ್ ಸೋತು ಕನ್ಸರ್ವೇಟಿವ್ ಪಕ್ಷದ ಸ್ಟರ್ಲಿಂಗ್ ಲಯನ್ ಬಂದರು. 1979ರಲ್ಲಿ ದೇಶದ ರಾಜಧಾನಿ ಒಟ್ಟಾವಾದಲ್ಲೂ ಕನ್ಸರ್ವೇಟಿವ್ ಸರ್ಕಾರ. ಆ ವರ್ಷ ಮಿನ್‌ಕಮ್ ಬಾಗಿಲು ಹಾಕಿತು. ಅಂತಿಮ ವರದಿ ಬರಲಿಲ್ಲ. ಕೋಟ್ಯಂತರ ಡಾಲರ್ ಸುರಿದು ಪ್ರಶ್ನೆ ಕೇಳಿದ ಸರ್ಕಾರಗಳು ಉತ್ತರ ಕೂಡಿಸಿ ನೋಡುವ ಹೊತ್ತಿಗೆ ಎದ್ದುಹೋದವು. ಸೋಮಾರಿತನ ಬೆಳೆಯುತ್ತದೆಯೇ ಎಂದು ಊರವರನ್ನು ಪರೀಕ್ಷಿಸಲು ಹೋಗಿ ಅರ್ಧಕ್ಕೆ ಕೆಲಸ ಬಿಟ್ಟವರು ಯಾರು ಎಂಬುದನ್ನು ಓದುಗರೇ ನೋಡಲಿ.

ವಿನಿಪೆಗ್‌ನ ಭಾಗ ಪೂರ್ತಿ ಹಾಳಾಗಲಿಲ್ಲ. ಪ್ರಯೋಗದ ಸಂಶೋಧನಾ ನಿರ್ದೇಶಕರಾಗಿದ್ದ ಡೆರೆಕ್ ಹಮ್ ಮತ್ತು ಅವರ ಸಹೋದ್ಯೋಗಿ ವೇಯ್ನ್ ಸಿಂಪ್ಸನ್ ಅದನ್ನು ಕಂಪ್ಯೂಟರಿಗೆ ಹತ್ತಿಸಿ, 1990ರ ದಶಕದ ಆರಂಭದಲ್ಲಿ ಫಲಿತಾಂಶ ಪ್ರಕಟಿಸಿದರು. ಗಂಡಸರು ದುಡಿದ ಅವಧಿ ಶೇಕಡಾ ಒಂದರಷ್ಟು ಇಳಿದಿತ್ತು, ಮದುವೆಯಾದ ಹೆಂಗಸರದ್ದು ಮೂರರಷ್ಟು, ಮದುವೆಯಾಗದ ಹೆಂಗಸರದ್ದು ಐದರಷ್ಟು. ಜನ ಕೆಲಸ ಬಿಟ್ಟು ಕೂರಲಿಲ್ಲ ಎಂಬುದೇ ಇದರರ್ಥ. ಆದರೆ ಆ ಹೊತ್ತಿಗೆ ಕೇಳುವವರು ಯಾರೂ ಉಳಿದಿರಲಿಲ್ಲ. ಅಮೆರಿಕದಲ್ಲಿ ಸಿಯಾಟಲ್ ಮತ್ತು ಡೆನ್ವರ್ ಪ್ರಯೋಗದಿಂದ ವಿಚ್ಛೇದನ ಹೆಚ್ಚಿತೆಂಬ ಸುದ್ದಿ ಎಪ್ಪತ್ತರ ದಶಕದ ಕೊನೆಗೇ ಹಬ್ಬಿ, ರಾಜಕಾರಣಿಗಳು ಈ ಕಲ್ಪನೆಯನ್ನೇ ದೂರ ಇಟ್ಟಿದ್ದರು. ಆ ಲೆಕ್ಕವೇ ಸರಿಯಿಲ್ಲವೆಂದು ಮುಂದೆ ಬೇರೆ ಸಂಶೋಧಕರು ವಾದಿಸಿದರಾದರೂ ಹೋದ ಮಾನ ಮರಳಿ ಬರಲಿಲ್ಲ.

ಡಾಫಿನ್‌ನ ಕಾಗದಗಳು ಸುಮಾರು 1,800 ರಟ್ಟಿನ ಪೆಟ್ಟಿಗೆಗಳಲ್ಲಿ ಸೇರಿಕೊಂಡು ವಿನಿಪೆಗ್‌ನ ಗೋದಾಮಿನಲ್ಲಿ, ರಾಷ್ಟ್ರೀಯ ಪತ್ರಾಗಾರದ ಸುಪರ್ದಿಯಲ್ಲಿ ಧೂಳು ತಿನ್ನುತ್ತಾ ಕೂತವು.

ಅವನ್ನು ಹುಡುಕಿಕೊಂಡು ಬಂದವರು ಎವೆಲಿನ್ ಫೋರ್ಜೆ. ಮ್ಯಾನಿಟೋಬಾ ವಿಶ್ವವಿದ್ಯಾಲಯದ ವೈದ್ಯಕೀಯ ವಿಭಾಗದಲ್ಲಿ ಆರೋಗ್ಯ ಅರ್ಥಶಾಸ್ತ್ರ ಕಲಿಸುತ್ತಿದ್ದವರು. ಎಪ್ಪತ್ತರ ದಶಕದಲ್ಲಿ ಟೊರೊಂಟೊದಲ್ಲಿ ವಿದ್ಯಾರ್ಥಿನಿಯಾಗಿದ್ದಾಗ ಮೇಷ್ಟರು ತರಗತಿಯಲ್ಲಿ ಮ್ಯಾನಿಟೋಬಾದ ಈ ದೊಡ್ಡ ಪ್ರಯೋಗದ ಬಗ್ಗೆ ಹೇಳಿದ್ದರು. ಆಮೇಲೆ ಅದರ ಸುದ್ದಿಯೇ ಇಲ್ಲ. ಅದೇ ಪ್ರಾಂತ್ಯಕ್ಕೆ ಬಂದು ನೆಲೆಸಿದ ಮೇಲೆ, ಕೊನೆಗೆ ಅದರ ಗತಿ ಏನಾಯಿತು ಎಂಬ ಕುತೂಹಲ ಅವರನ್ನು ಬಿಡಲಿಲ್ಲ. ಪೆಟ್ಟಿಗೆಗಳ ಜಾಡು ಹಿಡಿಯಲು, ಹಿಡಿದ ಮೇಲೆ ತೆರೆದು ನೋಡಲು ಅನುಮತಿ ಪಡೆಯಲು ವರ್ಷಗಳೇ ಹಿಡಿದವು. ಅವರು ಮುಟ್ಟುವ ಹೊತ್ತಿಗೆ, ಇಷ್ಟೊಂದು ಜಾಗ ಹಿಡಿದ, ಯಾರೂ ಕೇಳದ ಈ ರಾಶಿಯನ್ನು ಇಟ್ಟುಕೊಳ್ಳಬೇಕೇ ಬಿಸಾಡಬೇಕೇ ಎಂದು ಪತ್ರಾಗಾರದವರು ಯೋಚಿಸುತ್ತಿದ್ದರಂತೆ.

ಈ ಕತೆಯನ್ನು ಬರೆದವರು ಸಾಮಾನ್ಯವಾಗಿ ಇಲ್ಲಿಂದ ಒಂದೇ ನೆಗೆತಕ್ಕೆ ಕೊನೆಗೆ ಹೋಗಿಬಿಡುತ್ತಾರೆ: ಪೆಟ್ಟಿಗೆ ತೆರೆದರು, ನಿಧಿ ಸಿಕ್ಕಿತು. ನಡೆದದ್ದು ಹಾಗಲ್ಲ, ನಡೆದದ್ದೇ ಹೆಚ್ಚು ಸ್ವಾರಸ್ಯಕರ. ಪೆಟ್ಟಿಗೆಯಲ್ಲಿದ್ದದ್ದು ಕಾಗದ. ಒಂದೊಂದು ಕುಟುಂಬದ ಅರ್ಜಿಗಳು, ಕೈಬರಹದಲ್ಲಿ ತುಂಬಿದ ಸಮೀಕ್ಷೆಗಳು, ಆದಾಯದ ಪುರಾವೆಗಳು. ಎಲ್ಲಿ ಏನಿದೆ ಎಂಬುದಕ್ಕೆ ಒಪ್ಪವಾದ ಸೂಚಿ ಇಲ್ಲ. ಒಂದನ್ನೂ ಕಂಪ್ಯೂಟರಿಗೆ ಹತ್ತಿಸಿರಲಿಲ್ಲ. ಅಷ್ಟನ್ನೂ ಓದಿ, ಅಂಕಿಗಳಾಗಿ ಪರಿವರ್ತಿಸಲು ಬೇಕಾದ ಹಣವಾಗಲೀ ಜನವಾಗಲೀ ಒಬ್ಬ ಅಧ್ಯಾಪಕಿಯ ಬಳಿ ಎಲ್ಲಿಂದ ಬರಬೇಕು? ಎಲ್ಲಕ್ಕಿಂತ ಹೆಚ್ಚಾಗಿ, ಹಳೆಯ ತೊಡಕು ಇದ್ದಲ್ಲೇ ಇತ್ತು. ಡಾಫಿನ್ ಜನರನ್ನು ಹೋಲಿಸಿ ನೋಡಲು ಮತ್ತೊಂದು ಡಾಫಿನ್ ಆ ಪೆಟ್ಟಿಗೆಗಳಲ್ಲಿ ಇರಲಿಲ್ಲ.

ಫೋರ್ಜೆಯವರ ಬುದ್ಧಿವಂತಿಕೆ ಕಾಣುವುದು ಈ ತಿರುವಿನಲ್ಲಿ. ಅವರು ಪೆಟ್ಟಿಗೆಗಳನ್ನು ಪಕ್ಕಕ್ಕಿಟ್ಟು ತಮ್ಮದೇ ಕಟ್ಟಡದ ಕಡೆ ತಿರುಗಿದರು. ಮ್ಯಾನಿಟೋಬಾದಲ್ಲಿ 1969ರಿಂದ ಎಲ್ಲರಿಗೂ ಸರ್ಕಾರಿ ಆರೋಗ್ಯ ವಿಮೆ ಇತ್ತು. ಯಾರು ವೈದ್ಯರ ಬಳಿ ಹೋದರೂ ಆಸ್ಪತ್ರೆ ಸೇರಿದರೂ ಬಿಲ್ ಹೋಗುವುದು ಪ್ರಾಂತ್ಯದ ಸರ್ಕಾರಕ್ಕೆ. ಬಿಲ್ ಕಟ್ಟುವವರು ಯಾರಿಗೆ, ಯಾವಾಗ, ಯಾವ ಕಾಯಿಲೆಗೆ ಎಂದು ಲೆಕ್ಕ ಇಡಲೇಬೇಕಲ್ಲ. 1970ರಿಂದೀಚಿನ ಈ ಲೆಕ್ಕವನ್ನು ವಿಶ್ವವಿದ್ಯಾಲಯದ ಆರೋಗ್ಯ ನೀತಿ ಕೇಂದ್ರ ಹೆಸರು ತೆಗೆದು, ಸಂಖ್ಯೆಗಳಾಗಿ ಜೋಪಾನ ಮಾಡಿತ್ತು. ಯಾವ ಪ್ರಯೋಗಕ್ಕೂ ಮಾಡಿದ್ದಲ್ಲ ಅದು. ಸುಮ್ಮನೆ ಗುಮಾಸ್ತೆಗಳ ದಿನನಿತ್ಯದ ಕೆಲಸ. ಆದರೆ ಅದರಲ್ಲಿ ಎರಡು ಸಂಗತಿಗಳಿದ್ದವು. ಪ್ರಾಂತ್ಯದ ಒಬ್ಬರೂ ಬಿಟ್ಟುಹೋಗಿರಲಿಲ್ಲ. ಮತ್ತು ಮಿನ್‌ಕಮ್ ಶುರುವಾಗುವ ಮೊದಲಿನ ವರ್ಷಗಳು, ನಡೆದ ವರ್ಷಗಳು, ಮುಗಿದ ನಂತರದ ವರ್ಷಗಳು ಮೂರೂ ಒಂದೇ ಸಾಲಿನಲ್ಲಿ ಸಿಗುತ್ತಿದ್ದವು.

ಇನ್ನು ಹೋಲಿಕೆಗೆ ಜನರನ್ನು ಹೊರಗಿನಿಂದ ಕಟ್ಟಿಕೊಳ್ಳಬಹುದಿತ್ತು. ಡಾಫಿನ್‌ನ ಪ್ರತಿಯೊಬ್ಬ ನಿವಾಸಿಗೂ ವಯಸ್ಸು, ಲಿಂಗ, ಕುಟುಂಬದ ಗಾತ್ರ, ವಾಸಿಸುವ ಊರಿನ ಬಗೆ ಹೊಂದುವಂಥ ಜೊತೆಗಾರರನ್ನು ಮ್ಯಾನಿಟೋಬಾದ ಬೇರೆ ಸಣ್ಣ ಊರುಗಳಿಂದ ಲೆಕ್ಕಪುಸ್ತಕದಲ್ಲೇ ಆರಿಸಿದರು. ಎಪ್ಪತ್ತರ ದಶಕದಲ್ಲಿ ಇಲ್ಲದೇ ಹೋದ ಆ ಇನ್ನೊಂದು ಡಾಫಿನ್ ಕಾಗದದ ಮೇಲೆ ಎದ್ದು ನಿಂತಿತು. ಅರ್ಥಶಾಸ್ತ್ರಜ್ಞರು ಡಾಫಿನನ್ನು ಕೈಬಿಟ್ಟ ಕಾರಣವೇ ಹೀಗೆ ಬಿದ್ದುಹೋಯಿತು.

ಸಿಕ್ಕದ್ದೇನು? ಪ್ರಯೋಗಕ್ಕೆ ಮುಂಚೆ ಡಾಫಿನ್ ಜನ ತಮ್ಮ ಜೊತೆಗಾರರಿಗಿಂತ ಹೆಚ್ಚಾಗಿ ಆಸ್ಪತ್ರೆ ಸೇರುತ್ತಿದ್ದರು. ಚೆಕ್ಕುಗಳು ಬರತೊಡಗಿದ ಮೇಲೆ ಆ ಅಂತರ ಕಿರಿದಾಗುತ್ತಾ ಹೋಯಿತು, ಪ್ರಯೋಗ ಮುಗಿಯುವ ಹೊತ್ತಿಗೆ ಇಲ್ಲವಾಯಿತು. ಶೇಕಡಾ 8.5 ಎಂದರೆ ಈ ಇಳಿಕೆ. ಯಾವ ಕಾಯಿಲೆಗಳಲ್ಲಿ ಇಳಿಕೆ ಹೆಚ್ಚು ಎಂದು ನೋಡಿದಾಗ ಎರಡು ಗುಂಪು ಎದ್ದು ಕಂಡವು: ಅಪಘಾತ ಮತ್ತು ಗಾಯ ಒಂದು, ಮನಸ್ಸಿಗೆ ಸಂಬಂಧಿಸಿದ ಕಾಯಿಲೆ ಇನ್ನೊಂದು. ಮನೋವ್ಯಾಧಿಗೆಂದು ವೈದ್ಯರನ್ನು ಕಾಣುವುದೂ ಕಡಿಮೆಯಾಗಿತ್ತು. ಗಾಯಕ್ಕೂ ಚೆಕ್ಕಿಗೂ ಏನು ಸಂಬಂಧ ಎನ್ನಿಸಬಹುದು. ಹೊಲದ ಯಂತ್ರದಲ್ಲಿ ಕೈ ಸಿಕ್ಕಿಸಿಕೊಳ್ಳುವುದು, ಕುಡಿದು ಗಾಡಿ ಓಡಿಸುವುದು, ಮನೆಯೊಳಗಿನ ಹೊಡೆತ, ನಿದ್ದೆಗೆಟ್ಟು ಮಾಡುವ ಎರಡನೇ ಪಾಳಿ: ಇವೆಲ್ಲ ಕೊನೆಗೆ ದಾಖಲಾಗುವುದು ಆಸ್ಪತ್ರೆಯ ಇದೇ ಕಲಮಿನಲ್ಲಿ. ಹೆಂಗಸರು ಹಣಕ್ಕಾಗಿ ಹೆಚ್ಚು ಮಕ್ಕಳನ್ನು ಹೆರುತ್ತಾರೆ ಎಂಬ ಹಳೆಯ ಹೆದರಿಕೆಗೆ ಆ ಲೆಕ್ಕದಲ್ಲಿ ಆಧಾರ ಸಿಗಲಿಲ್ಲ.

ಇನ್ನೊಂದು ಸಂಗತಿ ಶಾಲೆಯ ದಾಖಲೆಗಳಿಂದ ಬಂತು. ಮಿನ್‌ಕಮ್ ನಡೆದ ವರ್ಷಗಳಲ್ಲಿ ಡಾಫಿನ್‌ನ ಹುಡುಗ ಹುಡುಗಿಯರು ಹನ್ನೆರಡನೇ ತರಗತಿಗೆ ಮುಂದುವರಿದ ಪ್ರಮಾಣ ಪ್ರಾಂತ್ಯದ ಬೇರೆ ಹಳ್ಳಿಗಾಡಿಗಿಂತಲೂ ವಿನಿಪೆಗ್‌ಗಿಂತಲೂ ಮೇಲೆದ್ದಿತ್ತು. ಹಣ ನಿಂತ ಮೇಲೆ ಅದು ಮತ್ತೆ ಹಳೆಯ ಮಟ್ಟಕ್ಕೆ ಇಳಿಯಿತು. ಆ ಕಾಲದ ಬಡ ಮನೆಗಳಲ್ಲಿ ಹದಿನಾರು ತುಂಬಿದ ಹುಡುಗ ಶಾಲೆ ಬಿಟ್ಟು ಹೊಲಕ್ಕೋ ಕಾರ್ಖಾನೆಗೋ ಹೋಗುವುದು ರೂಢಿ. ಮನೆಗೆ ಒಂದಿಷ್ಟು ಭರವಸೆಯ ಹಣ ಬಂದಾಗ ಅಪ್ಪ ಅಮ್ಮ ಇನ್ನೊಂದು ವರ್ಷ ಓದು ಎಂದರು.

ಈ ಎರಡು ಲೆಕ್ಕಗಳನ್ನು ಅಕ್ಕಪಕ್ಕ ಇಟ್ಟಾಗ ಹಳೆಯ ಪ್ರಶ್ನೆಯೇ ಬೇರೆ ರೂಪ ತಾಳುತ್ತದೆ, ನನ್ನ ಮಟ್ಟಿಗೆ ಈ ಆವಿಷ್ಕಾರದ ತಿರುಳು ಇದು. ಅರ್ಥಶಾಸ್ತ್ರಜ್ಞರ ಕೋಷ್ಟಕದಲ್ಲಿ ಹದಿನೇಳರ ಹುಡುಗ ಕೆಲಸಕ್ಕೆ ಹೋಗದಿದ್ದರೆ ಅದು ದುಡಿಮೆಯ ಇಳಿಕೆ, ಅಂದರೆ ನಷ್ಟದ ಕಾಲಮ್ಮು. ಶಾಲೆಯ ಹಾಜರಿ ಪುಸ್ತಕದಲ್ಲಿ ಅದೇ ಹುಡುಗ ಲಾಭ. ಹೆರಿಗೆಯಾದ ತಾಯಿ ಇನ್ನೂ ಕೆಲವು ತಿಂಗಳು ಮನೆಯಲ್ಲಿದ್ದರೆ ಅದೂ ದುಡಿಮೆಯ ಇಳಿಕೆಯೇ. ಜನ ಕೆಲಸ ಬಿಟ್ಟರೇ ಎಂದಷ್ಟೇ ಕೇಳಿದ್ದವರು, ಬಿಟ್ಟು ಏನು ಮಾಡಿದರು ಎಂದು ಕೇಳಿರಲಿಲ್ಲ.

2011ರಲ್ಲಿ ಫೋರ್ಜೆಯವರ ಪ್ರಬಂಧ ಕೆನಡಾದ ಸಾರ್ವಜನಿಕ ನೀತಿಯ ಪತ್ರಿಕೆಯಲ್ಲಿ ಪ್ರಕಟವಾಯಿತು. ಬಡತನವಿಲ್ಲದ ಊರು ಎಂಬರ್ಥದ ತಲೆಬರಹ. ಇಲ್ಲಿ ನನ್ನದೊಂದು ತಕರಾರಿದೆ. ಡಾಫಿನ್‌ನಲ್ಲಿ ಖಾತ್ರಿ ಕೊಟ್ಟ ಮೊತ್ತ ಆಗಿನ ಕಡಿಮೆ ಆದಾಯದ ಗೆರೆಯ ಶೇಕಡಾ 60ರಷ್ಟು ಮಾತ್ರ. ಅದೊಂದನ್ನೇ ನಂಬಿದ ಕುಟುಂಬ ಗೆರೆಯ ಕೆಳಗೇ ಇರುತ್ತಿತ್ತು. ಆದರೆ ತಲೆಬರಹ ಊರೂರು ತಿರುಗಿತು. ಡಚ್ ಲೇಖಕ ರುಟ್‌ಗರ್ ಬ್ರೆಗ್‌ಮನ್ ತಮ್ಮ ಜನಪ್ರಿಯ ಪುಸ್ತಕದಲ್ಲಿ ಈ ಕತೆ ಹೇಳಿದ ಮೇಲಂತೂ ಡಾಫಿನ್ ಮೂಲ ಆದಾಯದವರಿಗೆ ತೀರ್ಥಕ್ಷೇತ್ರವೇ ಆಯಿತು. ಅಷ್ಟಾಗಿಯೂ ಯಾವುದೇ ಒಂದು ಹೊತ್ತಿನಲ್ಲಿ ಚೆಕ್ ಪಡೆಯುತ್ತಿದ್ದವರು ಊರಿನ ಸಣ್ಣ ಭಾಗ. ಫೋರ್ಜೆ ನೋಡಿದ ಲೆಕ್ಕದಲ್ಲಿ ಯಾರಿಗೆ ಹಣ ಹೋಗಿತ್ತು, ಯಾರಿಗೆ ಹೋಗಿರಲಿಲ್ಲ ಎಂಬ ಗುರುತಿರಲಿಲ್ಲ; ಇಡೀ ಊರಿನ ಬದಲಾವಣೆಯನ್ನಷ್ಟೇ ಅದು ತೋರಿಸುತ್ತದೆ. ಕೆಲವರಿಗೆ ಹೋದ ಹಣ ಊರಿಗೆಲ್ಲ ಹೇಗೆ ಮುಟ್ಟಿತು ಎಂಬುದಕ್ಕೆ ಫೋರ್ಜೆ ಕೊಡುವ ವಿವರಣೆ ಹೀಗೆ: ಗೆಳೆಯ ಶಾಲೆಯಲ್ಲಿ ಉಳಿದರೆ ಇವನೂ ಉಳಿಯುತ್ತಾನೆ, ಈ ವರ್ಷ ಚೆಕ್ ಪಡೆಯದ ರೈತನಿಗೂ ಬೆಳೆ ಕೈಕೊಟ್ಟರೆ ಒಂದು ಆಸರೆ ಇದೆ ಎಂಬ ಧೈರ್ಯವಿರುತ್ತದೆ. ಇದು ಒಪ್ಪುವಂಥ ವಿವರಣೆ, ಆದರೆ ಪುರಾವೆ ಮತ್ತು ವಿವರಣೆ ಬೇರೆ ಬೇರೆ. ಒಂದೇ ಊರಿನಲ್ಲಿ ಒಂದೇ ಸಲ ನಡೆದದ್ದನ್ನು ಇಡೀ ದೇಶಕ್ಕೆ ಗುಣಿಸುವವರನ್ನು ಕಂಡಾಗ ಕೊಂಚ ಹಿಂಜರಿಕೆಯಾಗುವುದು ಇದಕ್ಕೇ.

ಪೆಟ್ಟಿಗೆಗಳೂ ವ್ಯರ್ಥವಾಗಲಿಲ್ಲ. ಸಮಾಜಶಾಸ್ತ್ರಜ್ಞ ಡೇವಿಡ್ ಕ್ಯಾಲ್ನಿಟ್ಸ್ಕಿ ಅವುಗಳೊಳಗಿನ ಸಮೀಕ್ಷೆಗಳನ್ನು ಓದಲು ಕೂತರು. ಹಣ ಪಡೆದವರು ಅದನ್ನು ಹೇಗೆ ಕಂಡರು ಎಂಬುದು 2016ರ ಅವರ ಪ್ರಬಂಧದ ವಿಷಯ. ಕಲ್ಯಾಣ ನೆರವಿಗೆ ಕೈಯೊಡ್ಡಲು ನಾಚುತ್ತಿದ್ದವರು, ಅದನ್ನು ಪಡೆಯುವವರನ್ನು ಹೀಯಾಳಿಸುತ್ತಿದ್ದವರು ಕೂಡ ಮಿನ್‌ಕಮ್ ಚೆಕ್ಕನ್ನು ಸಂಕೋಚವಿಲ್ಲದೆ ಪಡೆದಿದ್ದರು. ಎಲ್ಲರಿಗೂ ತೆರೆದ ಬಾಗಿಲಿನಲ್ಲಿ ಒಳಗೆ ಹೋಗುವವನನ್ನು ಯಾರೂ ಬೆರಳು ಮಾಡಿ ತೋರಿಸುವುದಿಲ್ಲವಲ್ಲ. ಮರುವರ್ಷ ಅವರು ಜೊನಾಥನ್ ಲ್ಯಾಟ್ನರ್ ಜೊತೆ ಬರೆದ ಇನ್ನೊಂದು ಪ್ರಬಂಧ ಮೂಲ ಆದಾಯದವರಿಗೆ ಅಷ್ಟು ರುಚಿಸಲಿಲ್ಲ. ಡಾಫಿನ್‌ನಲ್ಲಿ ದುಡಿಮೆಯಲ್ಲಿ ತೊಡಗಿದವರ ಪ್ರಮಾಣ 11.3 ಶೇಕಡಾವಾರು ಅಂಶದಷ್ಟು ಇಳಿದಿತ್ತು. ವಿನಿಪೆಗ್‌ನ ಇಳಿಕೆಗೆ ಹೋಲಿಸಿದರೆ ಇದು ಬಹಳ ದೊಡ್ಡದು. ಅದರಲ್ಲಿ ಸುಮಾರು ಮೂರನೇ ಒಂದು ಭಾಗ, ಹಣ ಊರಿಗೆಲ್ಲ ಸಿಗುತ್ತಿದ್ದುದರಿಂದಲೇ, ಒಬ್ಬರನ್ನು ನೋಡಿ ಇನ್ನೊಬ್ಬರು ನಡೆದುಕೊಂಡದ್ದರಿಂದಲೇ ಆದದ್ದು ಎಂಬುದು ಅವರ ಅಂದಾಜು. ಆಸ್ಪತ್ರೆಯ ಇಳಿಕೆಗೆ ಊರೊಗ್ಗಟ್ಟಿನ ಪರಿಣಾಮ ಕಾರಣವೆಂದು ಖುಷಿಪಟ್ಟವರು ದುಡಿಮೆಯ ಇಳಿಕೆಗೂ ಅದೇ ಕಾರಣ ಎಂಬುದನ್ನು ನುಂಗಿಕೊಳ್ಳಬೇಕಾಯಿತು. ಕ್ಯಾಲ್ನಿಟ್ಸ್ಕಿ ಮೂಲ ಆದಾಯದ ವಿರೋಧಿಯೇನಲ್ಲ. ಆಳು ಸಿಗದಾದಾಗ ಡಾಫಿನ್‌ನ ಮಾಲೀಕರು ಹೆಚ್ಚು ಕೂಲಿ ಕೊಡಬೇಕಾಯಿತು ಎಂಬುದನ್ನೂ ಅವರೇ ತೋರಿಸಿಕೊಟ್ಟರು. ಮಾಲೀಕರ ಕಣ್ಣಿಗೆ ಇದು ಕೆಡುಕು, ಕೂಲಿಯವರ ಕಣ್ಣಿಗೆ ಒಳಿತು. ಪಂಚಾಯಿತಿ ಮಾಡುವುದು ಅಂಕಿಗಳ ಕೆಲಸವಲ್ಲ.

ಫೋರ್ಜೆಯವರ ಅಂಕಿಗೆ ರಾಜಕೀಯದಲ್ಲಿ ಕಾಲು ಬಂದದ್ದು ಒಂಟಾರಿಯೊದಲ್ಲಿ. ಮೂಲ ಆದಾಯವನ್ನು ದಶಕಗಳ ಕಾಲ ಪ್ರತಿಪಾದಿಸಿದ ಕನ್ಸರ್ವೇಟಿವ್ ಪಕ್ಷದ ಮಾಜಿ ಸೆನೆಟರ್ ಹ್ಯೂ ಸೀಗಲ್ ಬರೆದುಕೊಟ್ಟ ಕರಡನ್ನು ಆಧರಿಸಿ, ಅಲ್ಲಿನ ಲಿಬರಲ್ ಸರ್ಕಾರ 2017ರಲ್ಲಿ ಹೊಸ ಪ್ರಯೋಗ ಘೋಷಿಸಿತು. ಹ್ಯಾಮಿಲ್ಟನ್, ಥಂಡರ್ ಬೇ, ಲಿಂಡ್ಸೆ ಪ್ರದೇಶಗಳ ಸುಮಾರು 4,000 ಜನ, ಒಬ್ಬರಿಗೆ ವರ್ಷಕ್ಕೆ 16,989 ಡಾಲರ್, ದಂಪತಿಗೆ 24,027, ದುಡಿದ ಡಾಲರಿಗೆ ಐವತ್ತು ಸೆಂಟ್ ಕಡಿತ. ಮೂರು ವರ್ಷದ ಯೋಜನೆ. ಈ ಬಾರಿ ಆರೋಗ್ಯ, ಮಾನಸಿಕ ಸ್ಥಿತಿ, ಓದು ಎಲ್ಲವನ್ನೂ ಮೊದಲಿನಿಂದಲೇ ಅಳೆಯುವ ಏರ್ಪಾಡಿತ್ತು. 2018ರ ಜೂನ್‌ನಲ್ಲಿ ಡಗ್ ಫೋರ್ಡ್ ಅವರ ಪಕ್ಷ ಗೆದ್ದಿತು. ಪ್ರಯೋಗ ಮುಂದುವರಿಸುತ್ತೇವೆ ಎಂದು ಚುನಾವಣೆಗೆ ಮುಂಚೆ ಹೇಳಿದ್ದ ಆ ಪಕ್ಷ ಜುಲೈ ಕೊನೆಗೇ ರದ್ದು ಮಾಡಿತು. 2019ರ ಮಾರ್ಚ್‌ಗೆ ಹಣ ನಿಂತಿತು. ಮೂರು ವರ್ಷ ನಂಬಿ ಕಾಲೇಜು ಸೇರಿದವರು, ಮನೆ ಬದಲಿಸಿದವರು ಕೋರ್ಟಿಗೆ ಹೋದರು. ಸರ್ಕಾರದ ಕಡೆಯಿಂದ ಮೌಲ್ಯಮಾಪನ ನಡೆಯಲಿಲ್ಲ. ಮೆಕ್‌ಮಾಸ್ಟರ್ ವಿಶ್ವವಿದ್ಯಾಲಯದ ಸಂಶೋಧಕರು ತಾವೇ ಮುಂದಾಗಿ 217 ಮಂದಿ ಫಲಾನುಭವಿಗಳನ್ನು ಕೇಳಿ 2020ರಲ್ಲಿ ವರದಿ ಹೊರತಂದರು. ಆರೋಗ್ಯ ಸುಧಾರಿಸಿತು ಎಂದವರೇ ಹೆಚ್ಚು. ಮೊದಲು ದುಡಿಯುತ್ತಿದ್ದವರಲ್ಲಿ ಬಹುಪಾಲು ಜನ ಆಗಲೂ ದುಡಿಯುತ್ತಿದ್ದರು. ಆದರೆ ತಾವಾಗಿ ಉತ್ತರಿಸಲು ಮುಂದೆ ಬಂದವರ ಮಾತು ಅದು, ಹೋಲಿಕೆಯ ಗುಂಪಿಲ್ಲ. ಒಪ್ಪದವರಿಗೆ ತಳ್ಳಿಹಾಕಲು ಅಷ್ಟು ಸಾಕಾಯಿತು.

ಅದೇ ವರ್ಷ ಕೋವಿಡ್ ಬಂತು. ಕೆಲಸ ಕಳೆದುಕೊಂಡವರಿಗೆ ಒಟ್ಟಾವಾ ತಿಂಗಳಿಗೆ 2,000 ಡಾಲರ್ ಹಾಕತೊಡಗಿದಾಗ, ಇಷ್ಟು ಬೇಗ ಇಷ್ಟು ಜನರಿಗೆ ಹಣ ತಲುಪಿಸಬಹುದಾದರೆ ಸದಾಕಾಲಕ್ಕೂ ಯಾಕಾಗದು ಎಂಬ ದನಿ ಎದ್ದಿತು. ಸಂಸತ್ತಿನ ಬಜೆಟ್ ಅಧಿಕಾರಿ 2021ರಲ್ಲಿ ಲೆಕ್ಕ ಹಾಕಿದರು. ಒಂಟಾರಿಯೊ ಮಾದರಿಯನ್ನು ದೇಶಕ್ಕೆಲ್ಲ ಹರಡಿದರೆ ಬಡತನ ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯುತ್ತದೆ, ಖರ್ಚು ವರ್ಷಕ್ಕೆ 8,500 ಕೋಟಿ ಡಾಲರ್. ಅದೇ ವರ್ಷದ ಜನವರಿಯಲ್ಲಿ ಬ್ರಿಟಿಷ್ ಕೊಲಂಬಿಯಾ ಪ್ರಾಂತ್ಯ ನೇಮಿಸಿದ್ದ ಮೂವರು ಅರ್ಥಶಾಸ್ತ್ರಜ್ಞರ ಸಮಿತಿ, ಡೇವಿಡ್ ಗ್ರೀನ್ ಅಧ್ಯಕ್ಷತೆಯಲ್ಲಿ, ಬೇಡ ಎಂದು ಹೇಳಿತ್ತು. ಬಡವರೆಂದರೆ ಒಂದೇ ಬಗೆಯವರಲ್ಲ. ಅಂಗವಿಕಲರಿಗೆ, ಮನೆಯಿಂದ ಹೊರಬಿದ್ದ ಹುಡುಗರಿಗೆ, ಹಿಂಸೆಯಿಂದ ಓಡಿಬಂದ ಹೆಂಗಸರಿಗೆ ಬೇಕಾದ್ದು ಬೇರೆ ಬೇರೆ, ಒಂದೇ ಚೆಕ್ಕಿನಿಂದ ಎಲ್ಲ ಆಗದು ಎಂಬುದು ಅವರ ವಾದ. ನಾನು ಓದಿದ ವಿರೋಧಗಳಲ್ಲಿ ಗಂಭೀರವಾಗಿ ತೆಗೆದುಕೊಳ್ಳಬೇಕಾದದ್ದು ಇದು, ಏಕೆಂದರೆ ಸೋಮಾರಿತನದ ಮಾತನ್ನು ಇದು ನೆಚ್ಚಿಕೊಂಡಿಲ್ಲ.

ಕೆನಡಾ ಒಂದು ಬಗೆಯ ಮೂಲ ಆದಾಯವನ್ನು ಈಗಾಗಲೇ ಕೊಡುತ್ತಿದೆ ಎಂಬುದು ಈ ಗದ್ದಲದಲ್ಲಿ ಮರೆತುಹೋಗುತ್ತದೆ. ಕಡಿಮೆ ಆದಾಯದ ವೃದ್ಧರಿಗೆ ಖಾತ್ರಿ ಪೂರಕ ಹಣ 1967ರಿಂದ ಇದೆ. ಮಕ್ಕಳಿರುವ ಕುಟುಂಬಗಳಿಗೆ, ಆದಾಯ ಕಡಿಮೆಯಿದ್ದಷ್ಟೂ ಹೆಚ್ಚು, ಮಕ್ಕಳ ಭತ್ಯೆ 2016ರಿಂದ ಬಂದಿದೆ. ಎರಡೂ ಷರತ್ತಿಲ್ಲದ ಹಣ, ಅವನ್ನು ನಿಲ್ಲಿಸುವ ಮಾತನ್ನು ಯಾವ ಪಕ್ಷವೂ ಆಡುವುದಿಲ್ಲ. ಜಗಳ ಇರುವುದು ನಡುವಿನವರ ಬಗ್ಗೆ, ಹದಿನೆಂಟರಿಂದ ಅರವತ್ತನಾಲ್ಕರವರೆಗಿನವರ ಬಗ್ಗೆ. ಅಂದರೆ ದುಡಿಯಬಲ್ಲವರು ಎಂದು ನಾವು ಯಾರನ್ನು ಕರೆಯುತ್ತೇವೋ ಅವರ ಬಗ್ಗೆ.

ವಿನಿಪೆಗ್ ನಗರದ ಸಂಸದೆ ಲಿಯಾ ಗಜನ್ ಈ ನಡುವಿನವರನ್ನೂ ಸೇರಿಸಿಕೊಳ್ಳುವ ಖಾಸಗಿ ಮಸೂದೆಯೊಂದನ್ನು ಮಂಡಿಸಿದ್ದರು. ಹಣ ಕೊಡಿ ಎಂದೇನೂ ಅದು ಹೇಳಿರಲಿಲ್ಲ. ಹದಿನೇಳು ವರ್ಷ ದಾಟಿದವರಿಗೆಲ್ಲ ಖಾತ್ರಿ ಆದಾಯ ಕೊಡುವುದು ಹೇಗೆಂದು ಒಂದು ಚೌಕಟ್ಟು ರೂಪಿಸಿ ಎಂದಷ್ಟೇ ಹಣಕಾಸು ಸಚಿವರನ್ನು ಕೇಳಿತ್ತು. 2024ರ ಸೆಪ್ಟೆಂಬರ್‌ನಲ್ಲಿ ಕೆಳಮನೆ ಅದನ್ನು ಎರಡನೇ ವಾಚನದಲ್ಲೇ ಭಾರಿ ಬಹುಮತದಿಂದ ಸೋಲಿಸಿತು. ಕನ್ಸರ್ವೇಟಿವರೂ, ಪಿಯರ್ ಟ್ರೂಡೊ ಅವರ ಮಗ ಜಸ್ಟಿನ್ ಮುನ್ನಡೆಸುತ್ತಿದ್ದ ಲಿಬರಲ್ ಪಕ್ಷದ ಬಹುತೇಕರೂ ವಿರುದ್ಧ ಮತ ಹಾಕಿದರು.